ಪಡಿಮನೆಯ ಹಿರಿಮಗಳು

"ಒಳಗಿರೋರನ್ನ ಅಜ್ಜಿ, ಅಪ್ಪ, ಅಮ್ಮ, ತಂಗಿ ಅಂತ ಯಾವ ಕಾರಣಕ್ಕೂ ಕರೀಬೇಡಿ," ಎಂದರು ಶಾಲೆಯ ಮುಖ್ಯಸ್ಥೆ, ಎಲ್ಲರ ಬಾಯಲ್ಲಿ ದೊಡ್ಡ ಮೇಡಂ. "ಬಾಯ್ತಪ್ಪಿ ಕೂಡ. ಕರೆದ್ರೆ ನೀವು ಆ ಮನೆಯವರಾಗಿಬಿಡ್ತೀರಿ. ಕೇಳಿಸ್ತಾ?"

ನರ್ಸಿಗೆ ನಗು ಬಂತು. ಜ್ವರದ ವಾರ್ಡಿನಲ್ಲಿ ನಿಂತೂ ನಿಂತೂ ಕಾಲಿನ ನರಗಳು ಉಬ್ಬಿಹೋದವಳು ಅವಳು. ಕಂಡ ಮುದುಕಿಯರನ್ನೆಲ್ಲ ಅಜ್ಜಿ ಎಂದು, ಮುದುಕರನ್ನೆಲ್ಲ ತಾತ ಎಂದು ಕರೆದು, ಅವರು ನಗುವಷ್ಟರಲ್ಲಿ ಸೂಜಿ ಚುಚ್ಚಿ ಮುಗಿಸಿರುತ್ತಿದ್ದಳು. ಕರೆದ ಮಾತ್ರಕ್ಕೆ ನೆಂಟಸ್ತಿಕೆ ಅಂಟಿಕೊಳ್ಳುವುದಾದರೆ ಈ ಹೊತ್ತಿಗೆ ತನಗೆ ಊರಿನ ಪ್ರತಿ ಮನೆಯಲ್ಲೂ ಒಂದು ಪಾಲು ಬರಬೇಕಿತ್ತು ಎಂದಳು. ದೊಡ್ಡ ಮೇಡಂ ನಗಲಿಲ್ಲ.

"ಕೇಳಿಸ್ತು ಅಂತ ಹೇಳಿ."

"ಕೇಳಿಸ್ತು."

"ಅರ್ಥ ಆಯ್ತು ಅಂತ ಹೇಳಿ."

"ಅರ್ಥಾನೂ ಆಯ್ತು," ಎಂದು ನರ್ಸ್ ಚೀಲವನ್ನು ಈ ಹೆಗಲಿನಿಂದ ಆ ಹೆಗಲಿಗೆ ಹಾಕಿಕೊಂಡಳು. ಆಗ ಮಾತ್ರ ದೊಡ್ಡ ಮೇಡಂ ಬಾಗಿಲಿನ ಅಗುಳಿ ತೆಗೆದರು.

ಗುಡ್ಡದ ಮೇಲಿನ ಆ ಶಾಲೆಯ ಹಲಗೆಯ ಮೇಲೆ 'ರಾಜ್ಯವಿದ್ಯಾ ಶಾಲೆ' ಎಂದು ಬರೆದಿತ್ತು. ಮಂತ್ರಿಗಳ ಕಾರ್ಯದರ್ಶಿಗಳು, ರಾಯಭಾರಿಗಳು, ದೊಡ್ಡ ದೊಡ್ಡ ಕುರ್ಚಿಗಳಲ್ಲಿ ಕೂತವರೆಲ್ಲ ಅಲ್ಲಿ ಓದಿ ಬಂದವರು. ಕೆಳಗಿನ ಊರಿನವರು ಮಾತ್ರ ಅದನ್ನು ಮಾಟದ ಶಾಲೆ ಎನ್ನುತ್ತಿದ್ದರು, ಅದೂ ಅತ್ತಿತ್ತ ನೋಡಿ, ದನಿ ತಗ್ಗಿಸಿ. ನರ್ಸ್ ಹೋದ ಮೊದಲ ದಿನವೇ ದೊಡ್ಡ ಮೇಡಂ ಯಾವ ಮುಚ್ಚುಮರೆಯೂ ಇಲ್ಲದೆ ಆ ವಿದ್ಯೆಯನ್ನು ವಿವರಿಸಿದ್ದರು. ಒಂದು ದೇಶದ ಅಷ್ಟೂ ಮನೆಗಳಿಗೆ ಮಾಟ ಮಾಡಿಸುವುದು ಯಾರಿಂದಲೂ ಆಗದ ಕೆಲಸ. ಅದಕ್ಕಾಗಿ ಶಾಲೆಯೊಳಗೆ ಒಂದೇ ಒಂದು ಮನೆ ಕಟ್ಟಿ, ಅದರಲ್ಲಿ ಒಂದು ಕುಟುಂಬವನ್ನು ಇಟ್ಟು, ದೇಶದ ಮನೆಗಳಿಗೆಲ್ಲ ಇದೇ ಪಡಿಯಚ್ಚು ಎಂದು ಮಂತ್ರದ ಕಟ್ಟು ಹಾಕುತ್ತಾರೆ. ಅದೇ ಪಡಿಮನೆ. ಅಲ್ಲಿ ಏನು ನಡೆಯುತ್ತದೋ ದೇಶದ ಮನೆಮನೆಯಲ್ಲೂ ಅದೇ ನಡೆಯುತ್ತದೆ. ದೇಶದಲ್ಲಿ ಜೋರಾಗಿ ಎದ್ದ ಕೂಗು ಅಲ್ಲಿಯವರ ಬಾಯಲ್ಲೂ ಏಳುತ್ತದೆ. ಅಲ್ಲಿಯ ಮುದುಕಿ ಕೆಮ್ಮಿದರೆ ದೇಶದ ಮುದುಕಿಯರೆಲ್ಲ ಕೆಮ್ಮುತ್ತಾರೆ. ಹಾಗಾಗಿ ಒಬ್ಬ ನರ್ಸ್ ಬೇಕು.

ದೊಡ್ಡವರು ಇಷ್ಟು ಗಂಭೀರವಾಗಿ ಇಂಥ ಮಾತಾಡುವುದನ್ನು ಅವಳು ಹಿಂದೆಂದೂ ಕೇಳಿರಲಿಲ್ಲ. ಆದರೂ ತಲೆ ಆಡಿಸಿದಳು. ಅವಳಿಗೆ ಈ ಕೆಲಸ ಬೇಕಾಗಿತ್ತು, ತನಗಾಗಿ ಅಲ್ಲ, ತಂಗಿಗಾಗಿ.

ತಂಗಿ ಬಸ್ ಕಂಡಕ್ಟರ್. ತುಂಬಿದ ಬಸ್ಸಿನ ಹಿಂದಿನ ಬಾಗಿಲಲ್ಲಿ ನಿಂತು ಕೂಗಿದರೆ ಡ್ರೈವರನ ಕಿವಿ ಗುಂಯ್‌ಗುಡುವಂಥ ಗಂಟಲು, ಅದಕ್ಕೇ ಡಿಪೋದಲ್ಲಿ ಎಲ್ಲರೂ ಅವಳನ್ನು ಗಂಟೆ ಎನ್ನುತ್ತಿದ್ದರು. ಸರ್ಕಾರ ಚುನಾವಣೆಯನ್ನು ಮತ್ತೊಮ್ಮೆ ಮುಂದೂಡಿದಾಗ ಜನ ಚೌಕಕ್ಕೆ ಬಂದು ಕೂರತೊಡಗಿದರು. ಬಂದವರು ಹೆದರಿ ಅಂಚಿನಲ್ಲೇ ನಿಂತುಬಿಡುತ್ತಿದ್ದರು. ಗಂಟೆ ಒಂದು ದಿನ ಡ್ಯೂಟಿ ಮುಗಿಸಿ, ಟಿಕೆಟ್ ಚೀಲ ಹೆಗಲಲ್ಲಿರುವಂತೆಯೇ ಕಟ್ಟೆ ಹತ್ತಿ, ಬಸ್ಸಿನಲ್ಲಿ ಕೂಗುವ ಹಾಗೆಯೇ ಕೂಗಿದಳು: "ಮುಂದೆ ನಡೀರಿ, ಮುಂದೆ ಜಾಗ ಇದೆ!" ಜನ ನಕ್ಕರು. ಆಮೇಲೆ ಮುಂದೆ ನಡೆದರು. ಆವತ್ತಿನಿಂದ ಚೌಕದಲ್ಲಿ ಅದೇ ಕೂಗಾಯಿತು. ಆವತ್ತಿನಿಂದಲೇ ಅವಳ ಮೇಲೆ ಕೇಸೂ ಆಯಿತು. ಪೊಲೀಸರು ಯಾವಾಗ ಬೇಕಾದರೂ ಬಾಗಿಲು ತಟ್ಟಬಹುದಿತ್ತು. ಆ ಮನೆಯಲ್ಲಿ ಅಕ್ಕತಂಗಿ ಇಬ್ಬರೇ. ತಾಯಿ ತೀರಿಕೊಂಡಾಗ ತಂಗಿಗೆ ಜಡೆ ಹಾಕಿಕೊಳ್ಳಲೂ ಬರುತ್ತಿರಲಿಲ್ಲ, ಎತ್ತಿ ಬೆಳೆಸಿದವಳು ನರ್ಸೇ. ಪಡಿಮನೆಯ ಕೆಲಸ ಸರಿಯಾಗಿ ಮಾಡಿದರೆ ಕೇಸು ಬಿಡಿಸಿಕೊಡುವುದಾಗಿ ದೊಡ್ಡ ಮೇಡಂ ಮಾತು ಕೊಟ್ಟಿದ್ದರು.

ಪಡಿಮನೆಗಳು ಶಾಲೆಯ ಹಿಂಭಾಗದಲ್ಲಿ, ಎತ್ತರದ ಚಾವಣಿಯ ಕೆಳಗೆ, ಒಂದು ಬೀದಿಯ ಹಾಗೆ ಸಾಲಾಗಿದ್ದವು. ಬೇರೆ ಬೇರೆ ದೇಶಗಳವು. ಎಲ್ಲದರ ಕಿಟಕಿಗಾಜಿಗೂ ಕಪ್ಪು ಬಣ್ಣ ಬಳಿದಿತ್ತು. ಒಂದು ಮಾತ್ರ ಸುಟ್ಟು ಕರಕಲಾಗಿ ನಿಂತಿತ್ತು. ಅದು ಯಾವ ದೇಶದ್ದು ಎಂದು ನರ್ಸ್ ಕೇಳಿದಳು. ಈಗ ಅಂಥ ದೇಶ ಇಲ್ಲ ಎಂದರು ದೊಡ್ಡ ಮೇಡಂ.

ಒಳಗೆ ಕಾಲಿಟ್ಟಾಗ ಮೊದಲು ಮೂಗಿಗೆ ಬಡಿದದ್ದು ಹಸಿ ಸುಣ್ಣದ ವಾಸನೆ. ಅದರ ಹಿಂದೆಯೇ ಕೂದಲು ಸುಟ್ಟ ಕಮಟು. ಹಾಡುಹಗಲಲ್ಲೇ ಒಳಗೆ ಕತ್ತಲೆ. ಬತ್ತಿ ಕರಕಾದ ಒಂದು ದೀಪ ಗೋಡೆಯ ಗೂಡಿನಲ್ಲಿ ಉರಿಯುತ್ತಿತ್ತು. ಮನೆಯ ಮಿಕ್ಕದ್ದೆಲ್ಲ ಯಾರದೇ ಮನೆಯಂತೆ ಇತ್ತು: ಒಂದು ಅಡುಗೆಕೋಣೆ, ಒಂದು ಮಲಗುವ ಕೋಣೆ, ನಡುವೆ ಊಟದ ಚಾಪೆ. ಆದರೆ ಮೂರು ಗೋಡೆಗಳ ಮೇಲ್ಭಾಗದಲ್ಲಿ ಮರದ ಜಾಲರಿ ಇತ್ತು. ಅದರ ಹಿಂದೆ ವಿದ್ಯಾರ್ಥಿಗಳು ಕೂತಿರುತ್ತಿದ್ದರು. ಅವರ ಮುಖ ಕಾಣುತ್ತಿರಲಿಲ್ಲ. ಅವರ ಪಠಣ ಮಾತ್ರ ಎಡೆಬಿಡದೆ ಕೇಳುತ್ತಿತ್ತು, ಗೋಡೆಯೊಳಗೆ ಜೇನುಗೂಡು ಇದ್ದಂತೆ.

ಕುಟುಂಬದಲ್ಲಿ ನಾಲ್ವರು. ಒಬ್ಬ ಮುದುಕಿ, ಒಬ್ಬ ಗಂಡಸು, ಒಬ್ಬ ಹೆಂಗಸು, ಮತ್ತೆ ತಂಗಿ ಗಂಟೆಯದೇ ವಯಸ್ಸಿನ ಒಬ್ಬ ಹುಡುಗಿ. ಹುಡುಗಿ ಬಾಯೇ ಬಿಡುತ್ತಿರಲಿಲ್ಲ. ಚಾಪೆಯ ಮೇಲೆ ಐದು ತಟ್ಟೆ ಇದ್ದವು, ಒಂದನ್ನು ಕವುಚಿ ಇಟ್ಟಿದ್ದರು. ಆ ತಟ್ಟೆ ಯಾರದು ಎಂದು ನರ್ಸ್ ಕೇಳಿದಾಗ ನಾಲ್ವರೂ ಬೇರೆ ಬೇರೆ ದಿಕ್ಕಿಗೆ ನೋಡಿದರು.

ಮೊದಲ ದಿನಗಳು ಅವಳಿಗೆ ಕಷ್ಟವಾದದ್ದು ಹೆದರಿಕೆಯಿಂದಲ್ಲ, ಮಾತಿನಿಂದ. ಒಬ್ಬ ಮುದುಕಿಯ ನಾಡಿ ಹಿಡಿದು ಕೂತು ಅವಳನ್ನು ಅಜ್ಜಿ ಎನ್ನದೆ ಇರುವುದು ಹೇಗೆ? "ನೀವು," "ಇಲ್ಲಿ ಕೇಳಿ," "ಸ್ವಲ್ಪ ಈ ಕಡೆ" ಎಂದೆಲ್ಲ ತಡವರಿಸಿ, ಹೊಸದಾಗಿ ಮದುವೆಯಾದವಳು ಗಂಡನ ಹೆಸರು ಹೇಳಲು ಒದ್ದಾಡುವ ಹಾಗೆ ಒದ್ದಾಡಿದಳು. ದೊಡ್ಡ ಮೇಡಂ ಮಾತ್ರ ದಿನವೂ ಬೆಳಿಗ್ಗೆ ಬಾಗಿಲಲ್ಲಿ ನಿಲ್ಲಿಸಿ ಅದೇ ಎಚ್ಚರಿಕೆ ಹೇಳುತ್ತಿದ್ದರು. ಕೇಳಿಸಿತು ಎಂದೂ ಅರ್ಥವಾಯಿತು ಎಂದೂ ಹೇಳಿಸಿಕೊಂಡೇ ಒಳಗೆ ಬಿಡುತ್ತಿದ್ದರು. ಮಗ್ಗಿ ಒಪ್ಪಿಸುವ ಮಕ್ಕಳ ಹಾಗೆ ನರ್ಸ್ ಒಪ್ಪಿಸುತ್ತಿದ್ದಳು. ಮನೆಗೆ ಹೋಗಿ ಅದನ್ನೇ ಅಣಕಿಸಿ ತಂಗಿಯನ್ನು ನಗಿಸುತ್ತಿದ್ದಳು.

ಒಂದು ದಿನ ವಿದ್ಯಾರ್ಥಿಗಳು ಇಳಿದು ಬಂದು ಗಂಡಸಿನ ತಟ್ಟೆಯಿಂದ ಅರ್ಧ ಗಂಜಿ ತೆಗೆದುಕೊಂಡು ಹೋದರು. ಅವನು ತಲೆ ಎತ್ತಲಿಲ್ಲ. ಆ ವಾರ ಊರಿನ ಅಂಗಡಿಗಳಲ್ಲಿ ದವಸ ಸಿಗಲಿಲ್ಲ. ಮುದುಕಿಗೆ ಜ್ವರ ಏರಿತು. ಆಸ್ಪತ್ರೆಯ ಜ್ವರದ ವಾರ್ಡಿನಲ್ಲಿ ಮುದುಕಿಯರನ್ನು ನೆಲದ ಮೇಲೆ ಮಲಗಿಸಿದ್ದಾರೆ ಎಂದು ಹಳೆಯ ಗೆಳತಿಯೊಬ್ಬಳು ಹೇಳಿದಳು. ನರ್ಸ್ ಎರಡಕ್ಕೂ ಕಾರಣ ಕಂಡುಕೊಂಡಳು. ಲಾರಿ ಮುಷ್ಕರ, ಹವಾಮಾನದ ಬದಲಾವಣೆ. ಕಾರಣ ಬೇಕು ಎಂದು ಹೊರಟವರಿಗೆ ಕಾರಣಕ್ಕೇನು ಬರ.

ಆ ಜ್ವರದಲ್ಲೇ ಆದದ್ದು ಅದು. ಮುದುಕಿಯ ತುಟಿ ಒಣಗಿ ಸೀಳಿತ್ತು. ನೀರು ಹಿಡಿದರೆ ಮುಖ ತಿರುಗಿಸುತ್ತಿದ್ದಳು. "ಕುಡೀರಿ, ಇಲ್ಲಿ ನೋಡಿ" ಎಂದು ಎಷ್ಟು ಹೇಳಿದರೂ ಅದು ಕಲ್ಲಿಗೆ ಹೇಳಿದಂತಾಗುತ್ತಿತ್ತು. ಮೇಲೆ ಜಾಲರಿಯ ಹಿಂದೆ ಗುಂಯ್ ಎನ್ನುವ ಪಠಣ. ನರ್ಸಿಗೆ ಸಿಟ್ಟು ಬಂತು. ಒಂದು ಜೀವ ನೀರಿಲ್ಲದೆ ಹೋಗುತ್ತಿರುವಾಗ ಇದೆಂಥ ಆಟ ಎನಿಸಿತು. ಜಾಲರಿಯ ಕಡೆ ತಲೆ ಎತ್ತಿ, ಅವರಿಗೆ ಕೇಳಿಸಲೆಂದೇ, ಗಟ್ಟಿಯಾಗಿ ಹೇಳಿದಳು.

"ಕುಡೀರಿ ಅಜ್ಜಿ. ನಿಮ್ಮ ಮೊಮ್ಮಗಳೇ ಕೊಡ್ತಿದಾಳೆ ಅಂದ್ಕೊಂಡು ಕುಡೀರಿ."

ಪಠಣ ನಿಂತಿತು.

ಅದುವರೆಗೆ ಆ ಮನೆಯಲ್ಲಿ ಅವಳು ಮೌನವನ್ನು ಕೇಳಿರಲಿಲ್ಲ. ದೀಪದ ಬತ್ತಿ ಚಟಪಟ ಎನ್ನುವುದು ಈಗ ಕೇಳಿಸಿತು. ಅಡುಗೆಕೋಣೆಯಲ್ಲಿ ಹೆಂಗಸಿನ ಕೈಯಿಂದ ಸೌಟು ಬಿತ್ತು. ಮುದುಕಿ ಕಣ್ಣು ತೆರೆದು, ನೀರನ್ನು ಗಟಗಟ ಕುಡಿದಳು. ಕುಡಿದ ನೀರೆಲ್ಲ ಕಣ್ಣಿನಿಂದಲೇ ಹೊರಬಂದ ಹಾಗೆ ಅಳತೊಡಗಿದಳು.

"ಯಾಕೆ ಕರೆದೆ ಮಗಳೇ," ಎಂದಳು. "ಅಷ್ಟು ಹೇಳಿದ್ರಲ್ಲ. ನನಗೂ ಹೇಳಿದ್ರು. ನಾನು ಈ ಮನೆಗೆ ಅಡುಗೆಗೆ ಅಂತ ಬಂದವಳು."

ನರ್ಸಿಗೆ ಅರ್ಥವಾಗಲಿಲ್ಲ. ಮುದುಕಿ ಅವಳ ಸೆರಗು ಹಿಡಿದೆಳೆದು ಕಿವಿಯಲ್ಲಿ ಹೇಳಿದಳು. ಆ ಗಂಡಸು ವೈರಿಂಗ್ ರಿಪೇರಿಗೆ ಬಂದವನಂತೆ. ಆ ಹೆಂಗಸು ಬಟ್ಟೆ ಹೊಲಿದುಕೊಡಲು. ಹುಡುಗಿ ಕಿಟಕಿಗೆ ಬಣ್ಣ ಬಳಿಯಲು. ಯಾರೂ ಯಾರಿಗೂ ಏನೂ ಆಗಬೇಕಾದವರಲ್ಲ. ಒಬ್ಬೊಬ್ಬರೂ ಒಂದೊಂದು ದಿನ, ಒಬ್ಬರ ಮೇಲೆ ಒಬ್ಬರಿಗೆ ಕನಿಕರ ಬಂದು, ಕರೆದುಬಿಟ್ಟವರು.

ಜ್ವರದಲ್ಲಿ ಬಡಬಡಿಸುತ್ತಿದ್ದಾಳೆ ಎಂದುಕೊಂಡಳು ನರ್ಸ್. ಥರ್ಮಾಮೀಟರು ಇಟ್ಟು ನೋಡಿದಳು. ಜ್ವರ ಇಳಿದಿತ್ತು.

ಮರುದಿನ ಬೆಳಿಗ್ಗೆ ದೊಡ್ಡ ಮೇಡಂ ಬಾಗಿಲಲ್ಲಿ ಎಚ್ಚರಿಕೆ ಹೇಳಲಿಲ್ಲ. "ಬಾ" ಎಂದರು ಅಷ್ಟೆ. ಇಷ್ಟು ದಿನ "ಬನ್ನಿ" ಎನ್ನುತ್ತಿದ್ದವರು. ಒಳಗೆ ಚಾಪೆಯ ಮೇಲಿನ ಐದನೆಯ ತಟ್ಟೆಯನ್ನು ಯಾರೋ ಮಗುಚಿ ನೇರ ಇಟ್ಟಿದ್ದರು. ಹುಡುಗಿ ಪಕ್ಕಕ್ಕೆ ಸರಿದು ಜಾಗ ಬಿಟ್ಟಳು. ಗಂಜಿ ಸಪ್ಪೆ ಎಂದ ಗಂಡಸಿಗೆ ನರ್ಸ್ ಎದ್ದು ಹೋಗಿ ಉಪ್ಪು ತಂದುಕೊಟ್ಟಳು. ಕೊಟ್ಟಮೇಲೆ ಅವಳಿಗೆ ಹೊಳೆಯಿತು. ಉಪ್ಪು ಒಲೆಯ ಹಿಂದಿನ ಮಾಡದಲ್ಲಿ, ಮೂಲೆಯ ಒಡೆದ ಕುಡಿಕೆಯಲ್ಲಿತ್ತು. ಅವಳು ಆ ಅಡುಗೆಕೋಣೆಗೆ ಅದಕ್ಕೆ ಮುಂಚೆ ಕಾಲೇ ಇಟ್ಟಿರಲಿಲ್ಲ.

ಸಂಜೆ ತನ್ನ ಮನೆಯ ಬೀಗ ತೆಗೆಯಲು ಅವಳಿಗೆ ತುಂಬ ಹೊತ್ತು ಹಿಡಿಯಿತು. ಕೀಲಿಯನ್ನು ಎಡಕ್ಕೆ ತಿರುಗಿಸಬೇಕೋ ಬಲಕ್ಕೋ ತೋಚಲಿಲ್ಲ. ಒಳಗೆ ಬಂದು ಅಡುಗೆಗೆ ನಿಂತರೆ ಉಪ್ಪಿನ ಡಬ್ಬ ಸಿಗಲಿಲ್ಲ. ಕಣ್ಣೆದುರಿಗೇ ಇತ್ತು, ತಂಗಿ ಬಂದು ತೋರಿಸಬೇಕಾಯಿತು.

"ಆ ಮಾಟದ ಶಾಲೇಲಿ ನಿನ್ನ ತಲೇನ ಅಡ ಇಟ್ಕೊಂಡಿದಾರೆ ಅನ್ಸುತ್ತೆ," ಎಂದು ಗಂಟೆ ನಕ್ಕಳು. ನರ್ಸಿಗೆ ಎಂದಿನ ನಗು ಬರಲಿಲ್ಲ. ಉಂಡಾದ ಮೇಲೆ ಗಂಟೆ ಮರುದಿನದ ಸುದ್ದಿ ಹೇಳಿದಳು. ನಾಳೆ ಮಧ್ಯಾಹ್ನ ಇಡೀ ದೇಶವೇ ಒಟ್ಟಿಗೆ ಬೀದಿಗಿಳಿಯುತ್ತದೆ, ಪ್ರತಿ ಊರಿನ ಚೌಕದಲ್ಲೂ. ಇಲ್ಲಿಯ ಚೌಕದಲ್ಲಿ ಕಟ್ಟೆ ಹತ್ತುವವಳು ತಾನು. ಪೊಲೀಸರು ಎಷ್ಟು ಜನರ ಬಾಯಿ ಮುಚ್ಚಿಸಿಯಾರು?

ಅಕ್ಕ ಬೇಡ ಎಂದಳು. ಕೇಸು ಇನ್ನೇನು ಬಿಟ್ಟುಹೋಗುತ್ತದೆ, ನಾಲ್ಕು ದಿನ ತೆಪ್ಪಗಿರು ಎಂದಳು. ಗಂಟೆಯ ಮುಖ ಸಣ್ಣದಾಯಿತು. ಎಂದೂ ಇಲ್ಲದಷ್ಟು ಮೆಲ್ಲಗೆ ಮಾತಾಡಿದಳು.

"ಊರೆಲ್ಲ ನನ್ನನ್ನ ಬಾಯ್ಮುಚ್ಚು ಅನ್ನುತ್ತೆ ಅಕ್ಕ. ನೀನೂ ಅಂದ್ರೆ ನಾನಿನ್ನ್ಯಾರ ಹತ್ರ ಮಾತಾಡ್ಲಿ?"

ಇವಳು ಚಿಕ್ಕವಳಿದ್ದಾಗ ಎಷ್ಟು ಮಾತಾಡುತ್ತಿದ್ದಳೆಂದರೆ ನಿದ್ದೆಯಲ್ಲೂ ವಟಗುಟ್ಟುತ್ತಿದ್ದಳು. ತಾಯಿ ಇಲ್ಲದ ಮನೆಯಲ್ಲಿ ಆ ವಟವಟ ಒಂದೇ ಆಗ ದೀಪದ ಹಾಗಿತ್ತು. ತಂಗಿಯನ್ನು ಹತ್ತಿರ ಎಳೆದುಕೊಂಡು ಮಾತು ಕೊಟ್ಟಳು. ಯಾರು ಬೇಕಾದರೂ ಬಾಯಿ ಮುಚ್ಚು ಎನ್ನಲಿ, ತಾನು ಜನ್ಮದಲ್ಲಿ ಅನ್ನುವುದಿಲ್ಲ.

ಮರುದಿನ ಪಡಿಮನೆಯ ಜಾಲರಿಯ ಹಿಂದೆ ಎಂದಿಗಿಂತ ಹೆಚ್ಚು ಜನ ಸೇರಿದ್ದರು. ಮರ ಕಿರುಗುಟ್ಟುತ್ತಿತ್ತು. ಬಟ್ಟೆಗಳ ಸರಬರ, ಉಸಿರುಗಳ ಬಿಸಿ. ಪಠಣ ಇರಲಿಲ್ಲ. ಸುಣ್ಣದ ವಾಸನೆ ಗಂಟಲು ಕೊರೆಯುವಷ್ಟು ದಟ್ಟವಾಗಿತ್ತು. ನಾಲ್ವರೂ ಗೋಡೆಗೊರಗಿ ಕೂತಿದ್ದರು. ನರ್ಸಿಗೆ ಅಲ್ಲಿಂದ ಎದ್ದು ಹೋಗಬೇಕೆನಿಸಿತು. ಬಾಗಿಲಿಗೆ ಹೊರಗಿನಿಂದ ಅಗುಳಿ ಬಿದ್ದಿತ್ತು. ಗುಡ್ಡದ ಕೆಳಗಿನಿಂದ, ಬಹಳ ದೂರದಿಂದ, ಜನರ ಗದ್ದಲ ತೇಲಿ ಬರುತ್ತಿತ್ತು. ಚೌಕ ತುಂಬುತ್ತಿದೆ ಎಂದುಕೊಂಡಳು.

ಆಗ ಹುಡುಗಿ ಎದ್ದು ನಿಂತಳು.

ಅದುವರೆಗೆ ಒಂದು ಮಾತೂ ಆಡದವಳು. ಅವಳ ಕುತ್ತಿಗೆಯ ನರ ಬಿಗಿಯಿತು. ಬಾಯಿ ತೆರೆಯಿತು. "ಮುಂದೆ ನಡೀರಿ," ಎಂದಳು. ಮತ್ತೆ, ಗಟ್ಟಿಯಾಗಿ, "ಮುಂದೆ ನಡೀರಿ, ಮುಂದೆ ಜಾಗ ಇದೆ!"

ಅದು ಆ ಹುಡುಗಿಯ ದನಿಯಾಗಿರಲಿಲ್ಲ. ಅದು ಗಂಟೆಯ ದನಿ. ಅದೇ ಕಂಚಿನ ಗಂಟಲು. ಕೊನೆಯಲ್ಲಿ ಅದೇ ಎಳೆತ. ಈ ಸಲ ಅವಳಿಗೆ ಯಾವ ಕಾರಣವೂ ಸಿಗಲಿಲ್ಲ. ಲಾರಿ ಮುಷ್ಕರವಲ್ಲ, ಹವಾಮಾನವಲ್ಲ. ಹುಡುಗಿ ಕೂಗುತ್ತಲೇ ಇದ್ದಳು. ಕಪ್ಪು ಗಾಜುಗಳು ಅದುರಿದವು. ಹೊರಗಿನ ಗದ್ದಲವೂ ಅದೇ ತಾಳಕ್ಕೆ ಏರಿತು.

ಅಗುಳಿ ಸರಿಯಿತು. ಬಾಗಿಲು ತೆರೆಯಿತು.

ವಿದ್ಯಾರ್ಥಿಗಳು ಒಳಗೆ ಬಂದರು. ಬಿಳಿ ಬಟ್ಟೆ. ಮುಖಕ್ಕೆಲ್ಲ ಸುಣ್ಣ. ಮುಂದಿನವನ ಕೈಯಲ್ಲಿ ಒಂದು ತಟ್ಟೆ, ಅದರಲ್ಲಿ ಗೋಣಿ ಹೊಲಿಯುವಂಥ ದೊಡ್ಡ ಸೂಜಿ, ಪಕ್ಕದಲ್ಲಿ ಕಪ್ಪು ದಾರದ ಉಂಡೆ. ಅವನು ಹುಡುಗಿಯ ತುಟಿಗಳನ್ನು ನೋಡುತ್ತಿದ್ದ. ದರ್ಜಿ ಬಟ್ಟೆ ನೋಡುವ ಹಾಗೆ.

ಮುದುಕಿ ಮುಖ ಮುಚ್ಚಿಕೊಂಡಳು. ಗಂಡಸು ಅಲುಗಲಿಲ್ಲ. ಹೆಂಗಸು ಅಲುಗಲಿಲ್ಲ.

ಸೂಜಿ ಹತ್ತಿರ ಬಂತು. ಹುಡುಗಿ ಕೂಗು ನಿಲ್ಲಿಸಲಿಲ್ಲ. ನಿಲ್ಲಿಸಲು ಅವಳಿಂದ ಆಗುತ್ತಿರಲಿಲ್ಲ. ಕಣ್ಣಲ್ಲಿ ನೀರು. ಬಾಯಲ್ಲಿ ಗಂಟೆಯ ದನಿ. ಇವಳ ತುಟಿ ಹೊಲಿದರೆ ಗಂಟೆಯ ತುಟಿ? ನರ್ಸ್ ಯೋಚಿಸಲಿಲ್ಲ. ಹಾರಿದಳು. ಹುಡುಗಿಯನ್ನು ಎದೆಗೆ ಅವುಚಿಕೊಂಡಳು. ಅಂಗೈಯನ್ನು ಅವಳ ಬಾಯಿಗೆ ಒತ್ತಿದಳು. ಬಿಗಿಯಾಗಿ. ಇನ್ನೂ ಬಿಗಿಯಾಗಿ.

"ಸುಮ್ನಿರು ತಂಗಿ. ಸುಮ್ನಿರು ನನ್ನ ಪುಟ್ಟಿ. ಅಕ್ಕ ಇದೀನಿ. ಸುಮ್ನಿರು."

ಹುಡುಗಿ ಸುಮ್ಮನಾದಳು.

ಗುಡ್ಡದ ಕೆಳಗಿನ ಗದ್ದಲವೂ ನಿಂತಿತು. ಕ್ರಮೇಣ ಅಲ್ಲ. ದೀಪ ಆರಿಸಿದ ಹಾಗೆ, ಒಂದೇ ಸಲಕ್ಕೆ.

ಜಾಲರಿಯ ಹಿಂದೆ ಯಾರೋ ಚಪ್ಪಾಳೆ ತಟ್ಟಿದರು. ಮತ್ತೆ ಹಲವರು. ಪರೀಕ್ಷೆ ಮುಗಿದ ಕೋಣೆಯಲ್ಲಿ ಕೇಳುವಂಥ ಹಗುರಾದ ಚಪ್ಪಾಳೆ. ವಿದ್ಯಾರ್ಥಿ ಸೂಜಿಯ ತಟ್ಟೆಯನ್ನು ನೆಲದ ಮೇಲಿಟ್ಟು ಹಿಂದೆ ಸರಿದ. ನರ್ಸಿನ ಕಣ್ಣು ಸೂಜಿಯ ಮೇಲೆ ಬಿತ್ತು. ಅದಕ್ಕೆ ದಾರ ಪೋಣಿಸುವ ಕಣ್ಣೇ ಇರಲಿಲ್ಲ.

ದೊಡ್ಡ ಮೇಡಂ ಒಳಗೆ ಬಂದು ಅವಳ ಭುಜದ ಮೇಲೆ ಕೈಯಿಟ್ಟರು. ಮುಖದಲ್ಲಿ ಕೇಡಿನ ಕಳೆಯಿರಲಿಲ್ಲ, ಒಳ್ಳೆಯ ಮಾರ್ಕು ತೆಗೆದವರನ್ನು ನೋಡುವ ಟೀಚರಿನ ಮುಖವಿತ್ತು.

"ಬಲವಂತವಾಗಿ ಮುಚ್ಚಿಸಿದ ಬಾಯಿ ಯಾವತ್ತಿದ್ರೂ ತೆರ್ಕೊಳ್ಳುತ್ತೆ. ಅದಕ್ಕೆ ನಾವು ಯಾರನ್ನೂ ಬಲವಂತ ಮಾಡಲ್ಲ," ಎಂದರು. "ಮನೆಯ ದೊಡ್ಡವಳು, ಪ್ರೀತಿಯಿಂದ, ತಾನಾಗೇ ಮುಚ್ಚಿಸಬೇಕು. ಈ ಮನೇಲಿ ಹಿರಿಮಗಳು ಇರಲಿಲ್ಲ."

"ನೀವೇ ಅಲ್ವಾ ಕರೀಬೇಡಿ ಅಂತ..." ಎಂದಳು ನರ್ಸ್.

"ದಿನಾ ಹೇಳ್ದೆ. ನೀನು ಕೇಳಿಸ್ತು ಅಂದೆ, ಅರ್ಥ ಆಯ್ತು ಅಂದೆ. ಗೊತ್ತಿಲ್ದೆ ಸಿಕ್ಕಿಬಿದ್ದೋರ ಮೇಲೆ ಕಟ್ಟು ನಿಲ್ಲಲ್ಲ ಮಗಳೇ. ಗೊತ್ತಿದ್ದೂ ದಾಟಿದೋರ ಮೇಲೆ ಮಾತ್ರ ನಿಲ್ಲುತ್ತೆ. ನಮ್ಮ ಶಾಲೆಯ ಮೊದಲನೇ ಪಾಠಾನೇ ಅದು."

ಆ "ಮಗಳೇ" ಕೇಳಿ ಅವಳು ಹುಡುಗಿಯಿಂದ ಕೈ ಕಿತ್ತುಕೊಂಡಳು. ಎದ್ದಳು. ಬಾಗಿಲು ತೆರೆದೇ ಇತ್ತು. ಯಾರೂ ತಡೆಯಲಿಲ್ಲ. ತಂಗಿಯ ಕೇಸನ್ನು ಇವತ್ತೇ ಬಿಡಿಸಿದೆ, ಸಂಜೆಗೆ ಕಾಗದ ಬರುತ್ತದೆ ಎಂದು ದೊಡ್ಡ ಮೇಡಂ ಹಿಂದಿನಿಂದ ಹೇಳಿದರು. ಕೊಟ್ಟ ಮಾತಿಗೆ ತಪ್ಪುವ ಹೆಂಗಸಲ್ಲ ಅವರು.

ನರ್ಸ್ ಓಡಿದಳು. ಕಪ್ಪು ಕಿಟಕಿಗಳ ಸಾಲು ದಾಟಿದಳು. ಸುಟ್ಟ ಮನೆ ದಾಟಿದಳು. ಗೇಟು. ಗುಡ್ಡದ ಇಳಿಜಾರು. ಚಪ್ಪಲಿ ಕಿತ್ತುಹೋಯಿತು. ಬಿಟ್ಟಳು. ತಂಗಿ ಬದುಕಿದ್ದರೆ ಸಾಕು. ತುಟಿ ನೆಟ್ಟಗಿದ್ದರೆ ಸಾಕು. ಮಿಕ್ಕದ್ದು ನೋಡಿಕೊಳ್ಳೋಣ. ಇಬ್ಬರೂ ಊರು ಬಿಟ್ಟುಹೋಗೋಣ.

ಬೀದಿಯಲ್ಲಿ ಜನರಿದ್ದರು. ಚೌಕದ ಕಡೆಯಿಂದ ಮನೆಗೆ ಮರಳುತ್ತಿದ್ದರು, ಒಬ್ಬರೂ ಮಾತಾಡುತ್ತಿರಲಿಲ್ಲ. ಚಪ್ಪಲಿಗಳ ಸಪ್ಪಳ ಬಿಟ್ಟರೆ ಬೇರೆ ಸದ್ದಿಲ್ಲ. ಸೈಕಲ್ ಅಂಗಡಿಯ ಮುಂದೆ ಒಬ್ಬ ಅಣ್ಣ ತನ್ನ ತಮ್ಮನ ಬಾಯಿಗೆ ಗ್ರೀಸು ಮೆತ್ತಿದ ಕೈ ಒತ್ತಿ ನಿಂತಿದ್ದ. ಅವನ ಕಣ್ಣಲ್ಲಿ ಸಿಟ್ಟಿರಲಿಲ್ಲ, ನೀರಿತ್ತು. ಮಹಡಿಯ ಕಿಟಕಿಯೊಂದರಲ್ಲಿ ಒಬ್ಬ ಅಮ್ಮ, ಬೆಳೆದ ಮಗನ ತಲೆಯನ್ನು ಎದೆಗೊರಗಿಸಿಕೊಂಡು, ಬಾಯಿಗೆ ಅಂಗೈ ಇಟ್ಟಿದ್ದಳು. ಬಸ್ ನಿಲ್ದಾಣದಲ್ಲಿ ಒಬ್ಬ ತಾತ. ಮೆಟ್ಟಿಲ ಮೇಲೆ ಒಬ್ಬಳು ಅಕ್ಕ. ಮನೆಮನೆಯಲ್ಲೂ ದೊಡ್ಡವರ ಕೈ, ಚಿಕ್ಕವರ ಬಾಯಿ. ಮೂಲೆಯಲ್ಲಿ ಪೊಲೀಸರು ಲಾಠಿ ಗೋಡೆಗೆ ಒರಗಿಸಿ ಟೀ ಕುಡಿಯುತ್ತಿದ್ದರು. ಅವರಿಗೆ ಮಾಡಲು ಕೆಲಸವಿರಲಿಲ್ಲ.

ನರ್ಸ್ ತನ್ನ ಎರಡೂ ಕೈಗಳನ್ನು ಕಂಕುಳಲ್ಲಿ ಬಿಗಿಯಾಗಿ ಇರುಕಿಕೊಂಡಳು. ಹಾಗೆಯೇ ನಡೆದಳು.

ಗಂಟೆ ಮನೆಯ ಮುಂದೆಯೇ ಇದ್ದಳು. ಹೆಗಲಲ್ಲಿ ಟಿಕೆಟ್ ಚೀಲ, ಕೆದರಿದ ಕೂದಲು. ತುಟಿ ನೆಟ್ಟಗಿತ್ತು. ಒಂದು ಗೀರೂ ಬಿದ್ದಿರಲಿಲ್ಲ. ನರ್ಸಿಗೆ ಹೋದ ಜೀವ ಮರಳಿ ಬಂದಂತಾಯಿತು. ಎಲ್ಲರ ಬಾಯಿಗೂ ಅವರವರ ಮನೆಯ ಕೈ ಬಿದ್ದಿತ್ತು. ಇವಳ ಮನೆಯ ಕೈ ಮಾತ್ರ ಇನ್ನೂ ಬಂದಿರಲಿಲ್ಲ.

"ಅಕ್ಕ," ಎಂದು ಗಂಟೆ ಓಡಿ ಬಂದಳು. ಇಡೀ ಬೀದಿಯಲ್ಲಿ ಅದೊಂದೇ ದನಿ. "ಏನಾಯ್ತೋ ಗೊತ್ತಿಲ್ಲ ಅಕ್ಕ. ನಾನು ಕೂಗ್ತಾನೇ ಇದ್ದೆ. ಎಲ್ರೂ ಒಟ್ಟಿಗೆ ಸುಮ್ನಾಗ್ಬಿಟ್ರು. ಆದ್ರೂ ನಾನು ಬಿಡಲ್ಲ. ನಾಳೆ ಒಬ್ಳೇ ಆದ್ರೂ ಹೋಗಿ..."

"ಹತ್ರ ಬರಬೇಡ," ಎಂದಳು ನರ್ಸ್.

ಗಂಟೆ ನಕ್ಕಳು. ಹತ್ತಿರ ಬಂದಳು.

ಪೊಲೀಸರು ಮೂಲೆಯಲ್ಲೇ ಇದ್ದಾರೆ, ಇಷ್ಟು ಗಟ್ಟಿಯಾಗಿ ಮಾತಾಡುತ್ತಿದ್ದಾಳಲ್ಲ, ಕೇಳಿಸಿಕೊಂಡರೆ ಏನು ಗತಿ ಎಂದು ನರ್ಸಿಗೆ ಹೆದರಿಕೆಯಾಯಿತು. ಅದು ಅವಳದೇ ಹೆದರಿಕೆ. ದಿನವೂ ಆಗುತ್ತಿದ್ದದ್ದೇ. ಅದರಲ್ಲಿ ಮಾಟದ ವಾಸನೆಯಾಗಲೀ ಸುಣ್ಣದ ವಾಸನೆಯಾಗಲೀ ಇರಲಿಲ್ಲ. ತಂಗಿಯ ಮೇಲೆ ಅಷ್ಟೊಂದು ಪ್ರೀತಿ ಅವಳಿಗೆ ಯಾವತ್ತೂ ಉಕ್ಕಿರಲಿಲ್ಲ. ಕಂಕುಳಿನಿಂದ ಕೈ ತಾನಾಗಿ ಹೊರಬಂತು. ತಂಗಿಯ ಕೆನ್ನೆ ಸವರಿತು. ಬಾಯಿಯ ಮೇಲೆ ಕೂತಿತು.

ಅಂಗೈಯ ಕೆಳಗೆ ತುಟಿಗಳು ಅಲುಗಿದವು. ಎರಡೇ ಅಕ್ಷರ. "ಅಕ್ಕ" ಎಂಬುದು ಅಂಗೈಗೆ ತಾಗಿತು, ಕಿವಿಗೆ ಬರಲಿಲ್ಲ. ಗಂಟೆಯ ಕಣ್ಣುಗಳು ಅಗಲವಾಗಿ ತೆರೆದು ಅವಳನ್ನೇ ನೋಡುತ್ತಿದ್ದವು. ಕೊಟ್ಟ ಮಾತು ಎಲ್ಲಿ ಹೋಯಿತು ಎಂದು ಕೇಳುವ ಹಾಗೆ. ನರ್ಸ್ ಅಳುತ್ತಿದ್ದಳು. ಕೈ ಮಾತ್ರ ನಡುಗಲಿಲ್ಲ.

"ಸುಮ್ನಿರು ತಂಗಿ," ಎಂದಳು. "ನಿನ್ನ ಒಳ್ಳೇದಕ್ಕೇ ಹೇಳ್ತಿರೋದು."

ಬಹಳ ಹೊತ್ತಾದ ಮೇಲೆ ಕೈ ತೆಗೆದಳು. ಗಂಟೆ ಬಾಯಿ ತೆರೆಯಲಿಲ್ಲ. ಒಳಗೆ ಹೋಗಿ ಟಿಕೆಟ್ ಚೀಲವನ್ನು ಮೊಳೆಗೆ ನೇತುಹಾಕಿ, ಗೋಡೆಯ ಕಡೆ ತಿರುಗಿ ಕೂತಳು. ಸಂಜೆ ಕೇಸು ಬಿಟ್ಟ ಕಾಗದ ಬಂತು. ಮರುದಿನ ಬೆಳಿಗ್ಗೆ ಯಾರೂ ಕರೆಯದೆಯೇ ನರ್ಸ್ ಗುಡ್ಡ ಹತ್ತಿ, ಪಡಿಮನೆಯ ಚಾಪೆಯ ಮೇಲೆ ತನ್ನ ತಟ್ಟೆಯ ಮುಂದೆ ಹೋಗಿ ಕೂತಳು.